ಅಪರೂಪದ ಹಿಪ್‌ಹಾಪ್ ಆವೃತ್ತಿಗಳನ್ನು ಆರ್ಕೈವ್‌ಗೆ ಸೇರಿಸುವುದು ಹೇಗೆ: ಮಲೆನಾಡಿನ ಅಟ್ಟದಿಂದ ಫೈಲ್‌ವರೆಗೆ

ಸಕಲೇಶಪುರ, ಮೂಡಿಗೆರೆ, ಕೊಪ್ಪದ ಕಡೆಯ ಹಳೇ ತೋಟದ ಮನೆಗಳ ಅಟ್ಟದಲ್ಲಿ, ಹಾಸನದಲ್ಲಿ ಇಂಜಿನಿಯರಿಂಗ್ ಓದಿ ಹೋದವರ ಟ್ರಂಕುಗಳಲ್ಲಿ 90ರ ದಶಕದ ರ‍್ಯಾಪ್ ಕ್ಯಾಸೆಟ್ಟು, ಸಿಡಿಗಳು ಇನ್ನೂ ಬಿದ್ದಿರುತ್ತವೆ. ಬೆಂಗಳೂರಿನಲ್ಲಿ ಕೊಂಡವು ಕೆಲವು, ಹೊರದೇಶದಲ್ಲಿದ್ದ ನೆಂಟರು ತಂದುಕೊಟ್ಟವು ಕೆಲವು, ಗೆಳೆಯರಿಂದ ಎರವಲು ತಂದು ಖಾಲಿ ಕ್ಯಾಸೆಟ್ಟಿಗೆ ಇಳಿಸಿಕೊಂಡವು ಉಳಿದವು. ಮನೆ ಖಾಲಿ ಮಾಡುವ ದಿನ ಎಲ್ಲವೂ ಒಟ್ಟಿಗೆ ಗುಜರಿಗೆ ಹೋಗುತ್ತವೆ. ‘ಈ ಹಾಡೆಲ್ಲ ಮೊಬೈಲಲ್ಲೇ ಸಿಗುತ್ತಲ್ಲ’ ಅನ್ನುವುದು ಎಲ್ಲರ ಮಾತು. ಹಿಪ್‌ಹಾಪ್ ಮಟ್ಟಿಗೆ ಈ ಮಾತು ಅರ್ಧ ಸುಳ್ಳು.

ಯಾಕೆಂದರೆ ಈ ಪ್ರಕಾರದಲ್ಲಿ ಒಂದೇ ಆಲ್ಬಮ್ಮಿಗೆ ಹಲವು ರೂಪಗಳಿರುವುದೇ ವಾಡಿಕೆ. ಬಿಝ್ ಮಾರ್ಕೀಯ 1991ರ ‘ಐ ನೀಡ್ ಎ ಹೇರ್‌ಕಟ್’ ಆಲ್ಬಮ್‌ನಲ್ಲಿ ಅನುಮತಿ ಇಲ್ಲದೆ ಬಳಸಿದ ಒಂದು ಸ್ಯಾಂಪಲ್, ಅಂದರೆ ಬೇರೆ ಹಾಡಿನಿಂದ ಎತ್ತಿದ ತುಣುಕು, ಇತ್ತು. ಅದೇ ವರ್ಷ ಡಿಸೆಂಬರ್‌ನಲ್ಲಿ ನ್ಯೂಯಾರ್ಕ್ ನ್ಯಾಯಾಲಯ ತಡೆ ಹಾಕಿತು, ಆ ಹಾಡು ಆಲ್ಬಮ್ಮಿನಿಂದ ಹೊರಬಿತ್ತು. ಅಷ್ಟರಲ್ಲಿ ಅಂಗಡಿಯಿಂದ ಹೊರಹೋಗಿದ್ದ ಪ್ರತಿಗಳಲ್ಲಿ ಮಾತ್ರ ಅದು ಉಳಿಯಿತು. ಎಮಿನೆಮ್‌ನ 2000ದ ‘ದ ಮಾರ್ಷಲ್ ಮ್ಯಾಥರ್ಸ್ ಎಲ್‌ಪಿ’ಯ ‘ಕ್ಲೀನ್’ ಆವೃತ್ತಿಯಲ್ಲಿ ಬೈಗುಳ ಅಳಿಸಿದ್ದಷ್ಟೇ ಅಲ್ಲ, ‘ಕಿಮ್’ ಎಂಬ ಹಾಡನ್ನೇ ತೆಗೆದು ‘ದ ಕಿಡ್ಸ್’ ಎಂಬ ಬೇರೆ ಹಾಡನ್ನು ಕೂರಿಸಿದ್ದಾರೆ. ಡಿ ಲಾ ಸೋಲ್ ತಂಡದ 1989ರ ಮೊದಲ ಆಲ್ಬಮ್ ಹಕ್ಕುಗಳ ತಕರಾರಿನಿಂದ ಸ್ಟ್ರೀಮಿಂಗ್‌ಗೆ ಬರಲು 2023ರ ಮಾರ್ಚ್‌ವರೆಗೆ ಕಾಯಬೇಕಾಯಿತು. ಕಾನ್ಯೆ ವೆಸ್ಟ್ 2016ರಲ್ಲಿ ‘ದ ಲೈಫ್ ಆಫ್ ಪಾಬ್ಲೊ’ ಬಿಡುಗಡೆ ಮಾಡಿದ ಮೇಲೂ ತಿಂಗಳುಗಟ್ಟಲೆ ಸ್ಟ್ರೀಮಿಂಗಿನ ಅದೇ ಜಾಗದಲ್ಲಿ ಹಾಡುಗಳನ್ನು ತಿದ್ದುತ್ತ ಹೋದರು. ಮೊದಲ ದಿನ ಕೇಳಿದ ರೂಪ ಇವತ್ತು ಆ ಕೊಂಡಿಯಲ್ಲಿ ಇಲ್ಲ.

ಹಾಗಾಗಿ ಆರ್ಕೈವ್ ಕೆಲಸದಲ್ಲಿ ಉಳಿಸಬೇಕಾದದ್ದು ಹಾಡಿಗಿಂತ ಹೆಚ್ಚಾಗಿ, ‘ಇದು ಯಾವ ಆವೃತ್ತಿ’ ಎಂಬುದರ ಪುರಾವೆ. ಪುರಾವೆ ಇಲ್ಲದ ಫೈಲು ಎಷ್ಟು ಸ್ಪಷ್ಟವಾಗಿದ್ದರೂ ಇನ್ನೊಂದು ಎಂಪಿ3 ಅಷ್ಟೇ. ಕೆಳಗಿನ ಕ್ರಮ ಪೂರ್ತಿ ಈ ಲೆಕ್ಕದ ಮೇಲೆಯೇ ನಿಂತಿದೆ.

ಯಾವುದನ್ನು ಮೊದಲು ಎತ್ತಿಕೊಳ್ಳಬೇಕು

ಪೆಟ್ಟಿಗೆಯಲ್ಲಿ ಇದ್ದದ್ದೆಲ್ಲವನ್ನೂ ಡಿಜಿಟಲ್ ಮಾಡಲು ಹೊರಟರೆ ಹತ್ತನೇ ಕ್ಯಾಸೆಟ್ಟಿಗೇ ಉತ್ಸಾಹ ಇಳಿಯುತ್ತದೆ. ಮೊದಲು ಡಿಸ್ಕಾಗ್ಸ್ ಮತ್ತು ಮ್ಯೂಸಿಕ್‌ಬ್ರೈನ್ಜ್ ಎಂಬ ಎರಡು ದತ್ತಕೋಶಗಳಲ್ಲಿ ಹುಡುಕಿ. ಎರಡರಲ್ಲೂ ಆಲ್ಬಮ್ ಎಂಬ ಮೇಲಿನ ಹೆಸರಿನ ಅಡಿಯಲ್ಲಿ ಪ್ರತಿಯೊಂದು ಮುದ್ರಣಕ್ಕೂ ಬೇರೆ ಬೇರೆ ದಾಖಲೆ ಇರುತ್ತದೆ. ದೊಡ್ಡ ಕಂಪನಿಯ ಸಾಮಾನ್ಯ ಅಮೆರಿಕನ್ ಸಿಡಿಯಾದರೆ ಅದು ಈಗಾಗಲೇ ಹತ್ತಾರು ಕಡೆ ದಾಖಲಾಗಿರುತ್ತದೆ, ಬಿಡಿ. ಮೊದಲ ಸಾಲಿಗೆ ಬರಬೇಕಾದವು ಇವು: ಡಿಜೆಗಳ ಮಿಕ್ಸ್‌ಟೇಪ್ (ಹಾಡುಗಳನ್ನು ಬೆಸೆದು ಮಾಡಿದ ಸಂಗ್ರಹ), ಮನೆಯಲ್ಲಿ ಬರೆದ ಸಿಡಿ-ಆರ್, ರೇಡಿಯೊದಿಂದ ಹಿಡಿದ ಕಾರ್ಯಕ್ರಮ, ‘ಮಾರಾಟಕ್ಕಲ್ಲ’ ಎಂದು ಮುದ್ರಿಸಿದ ಪ್ರಚಾರ ಪ್ರತಿ, ಮತ್ತು ಭಾರತದ ಮಾರುಕಟ್ಟೆಗೆಂದೇ ಮುದ್ರಿಸಿದ ಕ್ಯಾಸೆಟ್ಟು. ಈ ಕೊನೆಯದನ್ನು ಹೊರದೇಶದ ಸಂಗ್ರಹಕಾರರು ದಾಖಲಿಸುವ ಸಾಧ್ಯತೆ ಕಡಿಮೆ, ಆ ಕೆಲಸ ನಮ್ಮದೇ. ಮ್ಯಾಗ್ನಾಸೌಂಡ್, ಬಿಎಂಜಿ ಕ್ರೆಸೆಂಡೊ ಥರದ ಕಂಪನಿಗಳು ಪರವಾನಗಿ ಪಡೆದು ಇಲ್ಲೇ ಹೊರತಂದ ಕ್ಯಾಸೆಟ್ಟುಗಳಲ್ಲಿ ಹಾಡಿನ ಕ್ರಮ, ಅವಧಿ, ಬದಿ ಬದಲಾಗುವ ಜಾಗ, ಹೊದಿಕೆಯ ಬರಹ ಎಲ್ಲವನ್ನೂ ಅಮೆರಿಕನ್ ಮುದ್ರಣದ ಜೊತೆ ಹೋಲಿಸಿ ನೋಡಬೇಕು.

ಅಂಗಡಿ ಕ್ಯಾಸೆಟ್ಟಿನಿಂದ ಗೆಳೆಯರು ಇಳಿಸಿಕೊಂಡ ನಕಲಿಗೆ ಆರ್ಕೈವ್ ಬೆಲೆ ಇಲ್ಲ. ಆದರೆ ಅದರ ಬಿ ಬದಿಯ ಕೊನೆಯಲ್ಲಿ ಜಾಗ ತುಂಬಲು ಏನನ್ನೋ ಸೇರಿಸಿರುತ್ತಾರೆ. ಎಸೆಯುವ ಮುನ್ನ ಅದೊಂದನ್ನು ಕೇಳಿ.

ಮೊದಲು ಕಣ್ಣು, ಆಮೇಲೆ ಕಿವಿ

ಪ್ಲೇಯರಿಗೆ ಹಾಕುವ ಮುನ್ನವೇ ಚಿತ್ರ ತೆಗೆಯಿರಿ. ಕ್ಯಾಸೆಟ್ ಡೆಕ್ಕಿಗೆ ಸಿಕ್ಕಿ ಹರಿಯಬಹುದು, ಹೊದಿಕೆಯ ಕಾಗದ ಮಡಿಕೆಯಲ್ಲಿ ಬಿಡಬಹುದು. ಆಗಲೂ ದಾಖಲೆ ಉಳಿದಿರಬೇಕು. ಕ್ಯಾಸೆಟ್ಟಿನ ಒಳಕಾಗದವನ್ನು ಪೂರ್ತಿ ಬಿಡಿಸಿ, ಎರಡೂ ಮುಖ, 600 ಡಿಪಿಐನಲ್ಲಿ ಟಿಫ್ ಎಂಬ ಚಿತ್ರ ಫೈಲಾಗಿ ಸ್ಕ್ಯಾನ್ ಮಾಡಿ. ಸ್ಕ್ಯಾನರಿನ ‘ಆಟೊ ಕಲರ್’, ‘ಶಾರ್ಪನ್’ ಆಯ್ಕೆಗಳನ್ನು ಆರಿಸಿಡಿ. ಕ್ಯಾಸೆಟ್ಟಿನ ಎ, ಬಿ ಬದಿ, ಬೆನ್ನಿನ ಅಂಚು, ಪ್ಲಾಸ್ಟಿಕ್ಕಿನಲ್ಲೇ ಅಚ್ಚಾಗಿರುವ ಸಣ್ಣ ಸಂಖ್ಯೆ, ಬೆಲೆಯ ಚೀಟಿ, ಅಂಗಡಿಯ ಮೊಹರು ಇವೆಲ್ಲ ಬೇಕು. ಬೆಲೆಚೀಟಿ ಕಿತ್ತು ‘ಚೊಕ್ಕ’ ಮಾಡಬೇಡಿ, ಯಾವ ಊರಿನಲ್ಲಿ ಮಾರಾಟವಾಯಿತು ಎಂಬುದಕ್ಕೆ ಎಷ್ಟೋ ಸಲ ಅದೊಂದೇ ಸಾಕ್ಷಿ.

ಸಿಡಿಯಲ್ಲಿ ಮುಖ್ಯ ಸಾಕ್ಷಿ ಇರುವುದು ಹೊಳೆಯುವ ಬದಿಯಲ್ಲಿ, ನಡುವಿನ ರಂಧ್ರದ ಸುತ್ತ. ಅಲ್ಲಿ ಮ್ಯಾಟ್ರಿಕ್ಸ್ ಸಂಖ್ಯೆ, ಅಂದರೆ ಡಿಸ್ಕನ್ನು ಯಾವ ಮಾಸ್ಟರಿನಿಂದ ಒತ್ತಿದ್ದು ಎಂಬ ಗುರುತು, ಕೆತ್ತಿರುತ್ತದೆ. ಜೊತೆಗೆ ‘ಐಎಫ್‌ಪಿಐ’ ಎಂದು ಶುರುವಾಗುವ ಎರಡು ಪುಟ್ಟ ಸಂಕೇತಗಳಿರಬಹುದು: ‘ಎಲ್’ ಅಕ್ಷರ ಸೇರಿರುವುದು ಮಾಸ್ಟರಿಂಗ್ ಮಾಡಿದ ಕಡೆಯದು, ಒಳ ಪ್ಲಾಸ್ಟಿಕ್ ಉಂಗುರದಲ್ಲಿರುವುದು ಅಚ್ಚಿನದು. ಈ ಸಂಕೇತ ಜಾರಿಗೆ ಬಂದದ್ದು 1994ರಲ್ಲಿ. ಹೊದಿಕೆಯ ಮೇಲೆ 1991 ಎಂದಿದ್ದು ಡಿಸ್ಕ್ ಮೇಲೆ ಈ ಸಂಕೇತವಿದ್ದರೆ ಅದು ಮೊದಲ ಮುದ್ರಣವಲ್ಲ, 1994ರಲ್ಲೋ ಆಮೇಲೋ ಒತ್ತಿದ್ದು. ಇಷ್ಟು ಸುಲಭವಾಗಿ ಸುಳ್ಳು ಹಿಡಿಯುವ ಉಪಾಯ ಕ್ಯಾಸೆಟ್ಟಿನಲ್ಲಿ ಇಲ್ಲ. ಫೋಟೊ ತೆಗೆಯುವಾಗ ಡಿಸ್ಕನ್ನು ಕಿಟಕಿಯ ಪಕ್ಕ ಓರೆಯಾಗಿ ಹಿಡಿದು, ಫ್ಲ್ಯಾಶ್ ಇಲ್ಲದೆ, ಭೂತಗನ್ನಡಿಯ ಮೂಲಕ ತೆಗೆದರೆ ಅಕ್ಷರ ಮೂಡುತ್ತವೆ.

ಬಣ್ಣವನ್ನೊಂದೇ ನಂಬಬೇಡಿ. ರೇಕ್ವಾನ್‌ನ 1995ರ ಮೊದಲ ಆಲ್ಬಮ್ ನೇರಳೆ ಬಣ್ಣದ ಕ್ಯಾಸೆಟ್ಟಿನಲ್ಲಿ ಬಂದದ್ದಕ್ಕೇ ಹೆಸರಾಯಿತು, ಆದರೆ ಆಮೇಲಿನ ಮರುಮುದ್ರಣವೂ ನೇರಳೆಯೇ. ಹಾಗೆಯೇ ಬಾರ್‌ಕೋಡ್ ಮೇಲೆ ಗರಗಸದ ಗೀರು ಅಥವಾ ತೂತು ಇದ್ದರೆ ಅದು ಪ್ರಚಾರ ಪ್ರತಿ ಎಂದುಕೊಳ್ಳುವವರಿದ್ದಾರೆ. ಬಹುಪಾಲು ಅದು ಉಳಿದ ಸರಕನ್ನು ಕಡಿಮೆ ಬೆಲೆಗೆ ವಿಲೇವಾರಿ ಮಾಡಿದ್ದರ ಗುರುತು. ಎಮಿನೆಮ್‌ನ 1996ರ ‘ಇನ್ಫಿನಿಟ್’ ಆಗ ಬಂದದ್ದೇ ಸುಮಾರು 1,000 ಪ್ರತಿ. ಅಂಥದ್ದು ಅಟ್ಟದಲ್ಲಿ ಸಿಕ್ಕರೆ ಹಿಗ್ಗುವ ಮುನ್ನ ಅನುಮಾನಿಸಿ, ಕಳ್ಳ ಮುದ್ರಣವೇ ಹೆಚ್ಚು. ಕಳ್ಳ ಮುದ್ರಣವೆಂದು ಖಚಿತವಾದರೆ ಹಾಗೆಂದೇ ದಾಖಲಿಸಿ. ಡಿಸ್ಕಾಗ್ಸ್‌ನಲ್ಲಿ ಅದಕ್ಕೆ ‘ಅನಧಿಕೃತ’ ಎಂಬ ಗುರುತೇ ಇದೆ.

ಬೂಷ್ಟು ಹಿಡಿದ ಕ್ಯಾಸೆಟ್ಟು

ಮಲೆನಾಡಿನ ಸಂಗ್ರಹದಲ್ಲಿ ಕೆಲಸ ಕೆಡುವುದು ಹೆಚ್ಚಾಗಿ ಇಲ್ಲಿಯೇ. ಜುಲೈನಲ್ಲಿ ಮೂಡಿಗೆರೆ, ಕಳಸದ ಕಡೆ ಗಾಳಿಯ ತೇವಾಂಶ ದಿನಗಟ್ಟಲೆ ಶೇ. 90ರ ಮೇಲೆಯೇ ಇರುತ್ತದೆ. ಟೇಪಿನ ಅಂಟುಪದರ, ಕಾಗದ, ಬೆರಳಿನ ಜಿಡ್ಡು ಮೂರೂ ಬೂಷ್ಟಿಗೆ ಆಹಾರ. ಕ್ಯಾಸೆಟ್ಟಿನ ಕಿಟಕಿಯಲ್ಲಿ ಟೇಪಿನ ಸುರುಳಿಯ ಮೇಲೆ ಬಿಳಿ ಪುಡಿಯೋ ಜೇಡದ ಬಲೆಯಂಥ ಎಳೆಯೋ ಕಂಡರೆ ಅದನ್ನು ಯಾವ ಡೆಕ್ಕಿಗೂ ಹಾಕಬೇಡಿ. ಒಂದು ಸಲ ಓಡಿಸಿದರೆ ಟೇಪನ್ನು ಓದುವ ಹೆಡ್ಡಿಗೆ ಹತ್ತಿದ ಬೂಷ್ಟು ಮುಂದಿನ ಎಲ್ಲ ಕ್ಯಾಸೆಟ್ಟಿಗೂ ಹರಡುತ್ತದೆ.

ಅನುಮಾನ ಬಂದ ಪ್ರತಿಯನ್ನು ಜಿಪ್ ಚೀಲದಲ್ಲಿ ಬೇರೆಯಾಗಿಡಿ. ಬಿಗಿ ಮುಚ್ಚಳದ 10 ಲೀಟರ್ ಪ್ಲಾಸ್ಟಿಕ್ ಡಬ್ಬಿಗೆ ಸುಮಾರು 200 ಗ್ರಾಂ ಸಿಲಿಕಾ ಜೆಲ್, ಒಂದು ಅಗ್ಗದ ಡಿಜಿಟಲ್ ತೇವಮಾಪಕ ಹಾಕಿ. ಕ್ಯಾಸೆಟ್ಟನ್ನು ಪೆಟ್ಟಿಗೆಯಿಂದ ಹೊರತೆಗೆದು ಬಿಚ್ಚಿಟ್ಟಂತೆ ಅದರೊಳಗಿಡಿ. ಮಾಪಕ ಶೇ. 35ರಿಂದ 40ಕ್ಕೆ ಇಳಿದು ಅಲ್ಲೇ ನಿಂತ ಮೇಲೂ ಒಂದು ವಾರ ಬಿಡಿ. ನೀಲಿ ಜೆಲ್‌ನಲ್ಲಿ ವಿಷಕಾರಿ ಕೋಬಾಲ್ಟ್ ಇರುತ್ತದೆ, ಕಿತ್ತಳೆ ಬಣ್ಣದ್ದು ಕೊಳ್ಳಿ. ಬಣ್ಣ ತಿರುಗಿದಾಗ ಓವನ್ನಿನಲ್ಲಿ 110 ಡಿಗ್ರಿಗೆ ಎರಡು ಗಂಟೆ ಕಾಯಿಸಿದರೆ ಜೆಲ್ ಮತ್ತೆ ಬಳಕೆಗೆ ಬರುತ್ತದೆ. ಕಾಯಿಸಬೇಕಾದದ್ದು ಜೆಲ್ಲನ್ನು, ಕ್ಯಾಸೆಟ್ಟನ್ನಲ್ಲ. ಒಲೆ ಪಕ್ಕ, ಬಿಸಿಲಲ್ಲಿ, ಕಾಫಿ ಕಣದಲ್ಲಿ ಒಣಗಿಸಿದರೆ ಪ್ಲಾಸ್ಟಿಕ್ ಸೊಟ್ಟಗಾಗಿ ಟೇಪ್ ಸುಕ್ಕುಗಟ್ಟುತ್ತದೆ.

ಒಣಗಿದ ಬೂಷ್ಟು ಪುಡಿಯಾಗುತ್ತದೆ. ಎನ್95 ಮಾಸ್ಕ್ ಹಾಕಿಕೊಂಡು, ಮನೆಯೊಳಗಲ್ಲದೆ ಜಗಲಿಯಲ್ಲಿ, ಮೆತ್ತನೆ ಬ್ರಷ್‌ನಿಂದ ತೆಗೆಯಿರಿ. ಕ್ಯಾಸೆಟ್ಟಿನ ಪ್ಲಾಸ್ಟಿಕ್ ಚಿಪ್ಪಿಗೆ ಐದು ಸ್ಕ್ರೂ ಇದ್ದರೆ ಬಿಚ್ಚಿ, ಸುರುಳಿ ಎರಡನ್ನೂ ಹೊಸ ಖಾಲಿ ಚಿಪ್ಪಿಗೆ ವರ್ಗಾಯಿಸುವುದು ಒಳ್ಳೆಯದು. ಹಳೇ ಚಿಪ್ಪನ್ನು ಎಸೆಯದೆ ಜೊತೆಯಲ್ಲೇ ಇಡಿ, ಮುದ್ರಣದ ಸಾಕ್ಷಿ ಅದರ ಮೇಲಿದೆ. ಸ್ಕ್ರೂ ಇಲ್ಲದೆ ಬೆಸುಗೆ ಹಾಕಿದ ಚಿಪ್ಪಾದರೆ ಅಂಚಿನುದ್ದಕ್ಕೂ ಬ್ಲೇಡಿನಿಂದ ನಿಧಾನಕ್ಕೆ ಬಿಡಿಸಬೇಕು. ಮೊದಲು ಬೇಡದ ಕ್ಯಾಸೆಟ್ಟಿನಲ್ಲಿ ಕೈ ಪಳಗಿಸಿಕೊಳ್ಳಿ. ಹರಿದ ಟೇಪನ್ನು ಜೋಡಿಸಲು ಆಡಿಯೊಗೆಂದೇ ಮಾಡಿದ ಸ್ಪ್ಲೈಸಿಂಗ್ ಟೇಪ್ ಬೇಕು. ಸಾಮಾನ್ಯ ಸೆಲ್ಲೊಟೇಪಿನ ಅಂಟು ವರ್ಷದೊಳಗೆ ಜಿನುಗಿ ಪಕ್ಕದ ಸುತ್ತುಗಳಿಗೆ ಅಂಟುತ್ತದೆ.

ಕೆಲಸಕ್ಕೆ ಒಳ್ಳೇ ಕಾಲ ಡಿಸೆಂಬರ್‌ನಿಂದ ಮಾರ್ಚ್. ಕಾಫಿ ಒಣಗುವ ಹವೆಯಲ್ಲೇ ಟೇಪೂ ಒಣಗಿರುತ್ತದೆ. ಮಳೆಗಾಲದಲ್ಲಿ ಸ್ಕ್ಯಾನ್, ಹೆಸರಿಡುವುದು, ದಾಖಲೆ ತುಂಬುವುದು ಇಟ್ಟುಕೊಳ್ಳಿ. ಸಂಗ್ರಹ ಕೊನೆಗೆ ಅರಸೀಕೆರೆ, ಕಡೂರಿನಂಥ ಒಣ ಸೀಮೆಯ ನೆಂಟರ ಮನೆಯಲ್ಲಿ ಉಳಿಯುವುದಾದರೆ ಇನ್ನೂ ಒಳ್ಳೆಯದು.

ಡೆಕ್ ಸರಿ ಇರಬೇಕು

ಈಗ ಆನ್‌ಲೈನಿನಲ್ಲಿ ಸಿಗುವ ಸಾವಿರ, ಎರಡು ಸಾವಿರ ರೂಪಾಯಿಯ ಯುಎಸ್‌ಬಿ ಕ್ಯಾಸೆಟ್ ಪ್ಲೇಯರ್ ಈ ಕೆಲಸಕ್ಕೆ ಬೇಡವೇ ಬೇಡ. ವೇಗ ತೂಗಾಡುತ್ತದೆ, ಹಿಸ್ ಸದ್ದು ತಗ್ಗಿಸುವ ಡಾಲ್ಬಿ ಇರುವುದಿಲ್ಲ. 80–90ರ ದಶಕದ ಯಾವುದಾದರೂ ಹೆಸರಾಂತ ಕಂಪನಿಯ ಸ್ಟೀರಿಯೊ ಡೆಕ್ ಹುಡುಕಿ. ಅಂಥ ಡೆಕ್ಕಿನ ರಬ್ಬರ್ ಬೆಲ್ಟ್ ಕರಗಿ ಡಾಂಬರಿನಂತಾಗಿರುತ್ತದೆ, ಅದನ್ನು ಆಲ್ಕೊಹಾಲಿನಲ್ಲಿ ಒರೆಸಿ ಹೊಸದು ಹಾಕಿಸಬೇಕು. ಹಾಸನ, ಚಿಕ್ಕಮಗಳೂರಿನಲ್ಲಿ ಹಳೇ ರೇಡಿಯೊ ರಿಪೇರಿ ಮಾಡುವವರು ಈ ಕೆಲಸ ಬಲ್ಲರು. ಬೆಲ್ಟ್ ಅಲ್ಲಿ ಇಲ್ಲದಿದ್ದರೆ ಬೆಂಗಳೂರಿನ ಎಸ್.ಪಿ. ರಸ್ತೆಯಲ್ಲಿ ವಿಚಾರಿಸಿ. ಸುತ್ತಳತೆ ಮತ್ತು ದಪ್ಪ ಎರಡನ್ನೂ ಅಳೆದುಕೊಂಡು ಹೋಗಿ.

ಪ್ರತಿ ಕ್ಯಾಸೆಟ್ಟಿಗೂ ಮೊದಲು ಹೆಡ್ ಮತ್ತು ಟೇಪನ್ನು ಎಳೆಯುವ ಲೋಹದ ಕಡ್ಡಿಯನ್ನು ಶೇ. 99ರ ಐಸೊಪ್ರೊಪೈಲ್ ಆಲ್ಕೊಹಾಲ್ ಅದ್ದಿದ ಹತ್ತಿಕಡ್ಡಿಯಿಂದ ಒರೆಸಿ. ಅಂಗಡಿಯಲ್ಲಿ ಸಿಗುವ ಶೇ. 70ರದ್ದರಲ್ಲಿ ಉಳಿದದ್ದು ನೀರು, ಅದು ಬೇಡ.

ಆಮೇಲೆ ವೇಗ. ಕ್ಯಾಸೆಟ್ಟಿನ ನಿಗದಿತ ವೇಗ ಸೆಕೆಂಡಿಗೆ 4.76 ಸೆಂಟಿಮೀಟರ್. 3,150 ಹರ್ಟ್ಜ್ ಸ್ವರವಿರುವ ಪರೀಕ್ಷಾ ಟೇಪ್ ಹಾಕಿ ಕಂಪ್ಯೂಟರಿನಲ್ಲಿ ಆವರ್ತನ ನೋಡಿ. 3,180 ತೋರಿಸಿದರೆ ಡೆಕ್ ಹೆಚ್ಚುಕಡಿಮೆ ಶೇ. 1ರಷ್ಟು ಜೋರಾಗಿ ಓಡುತ್ತಿದೆ. ಮೋಟಾರಿನ ಹಿಂಭಾಗದ ತೂತಿನಲ್ಲಿರುವ ಸ್ಕ್ರೂ ತಿರುಗಿಸಿ ಸರಿಮಾಡಿ. ತಿದ್ದಬೇಕಾದದ್ದು ಡೆಕ್ಕನ್ನು, ಹಾಡನ್ನಲ್ಲ ಎಂಬುದು ಹಿಪ್‌ಹಾಪ್‌ನಲ್ಲಿ ತುಂಬ ಮುಖ್ಯ. ಹ್ಯೂಸ್ಟನ್ನಿನ ಡಿಜೆ ಸ್ಕ್ರೂ 2000ದಲ್ಲಿ ತೀರಿಕೊಳ್ಳುವವರೆಗೂ ಹಾಡುಗಳ ವೇಗವನ್ನು ಬೇಕೆಂದೇ ತಗ್ಗಿಸಿ ಟೇಪ್‌ಗಳನ್ನು ಮಾಡುತ್ತಿದ್ದರು, ಆ ಎಳೆದ ದನಿಯೇ ಆ ಶೈಲಿ. ‘ನಿಧಾನವಾಗಿದೆ’ ಎಂದು ಯಾರಾದರೂ ಕಂಪ್ಯೂಟರಿನಲ್ಲಿ ಏರಿಸಿದರೆ ಕೃತಿಯೇ ಹೋಯಿತು. ಈಗ ಅವರ ಸಂಗ್ರಹವನ್ನು ಹ್ಯೂಸ್ಟನ್ ವಿಶ್ವವಿದ್ಯಾಲಯದ ಗ್ರಂಥಾಲಯ ಕಾಪಾಡುತ್ತಿದೆ.

ಕೊನೆಗೆ ಅಜಿಮತ್, ಅಂದರೆ ಹೆಡ್ಡಿನ ಓರೆ. ಹೆಡ್ಡಿನ ಪಕ್ಕ ಸ್ಪ್ರಿಂಗ್ ಇರುವ ಒಂದು ಸಣ್ಣ ಸ್ಕ್ರೂ ಇರುತ್ತದೆ. ಟೇಪ್ ಓಡುತ್ತಿರುವಾಗ ಎರಡೂ ಚಾನೆಲ್ ಸೇರಿಸಿ ಮೋನೊ ಆಗಿ ಕೇಳಿ. ಹೈಹ್ಯಾಟ್‌ನ ‘ಚಿಸ್ ಚಿಸ್’ ಮಂಕಾಗಿದ್ದರೆ ಸ್ಕ್ರೂವನ್ನು ಒಂದೊಂದೇ ಕೂದಲೆಳೆಯಷ್ಟು ತಿರುಗಿಸಿ, ಅದು ಅತ್ಯಂತ ಹರಿತವಾಗುವ ಜಾಗದಲ್ಲಿ ನಿಲ್ಲಿಸಿ. ಪ್ರತಿ ಕ್ಯಾಸೆಟ್ಟಿಗೂ, ಕೆಲವೊಮ್ಮೆ ಪ್ರತಿ ಬದಿಗೂ ಇದನ್ನು ಮತ್ತೆ ಮಾಡಬೇಕು. ಇದೊಂದನ್ನು ಮಾಡದಿದ್ದರೆ ಉಳಿದ ದುಬಾರಿ ಸಲಕರಣೆ ಎಲ್ಲ ದಂಡ.

ಟೇಪ್ ಬಗೆಯ ಸ್ವಿಚ್ಚಿನಲ್ಲಿ ಒಂದು ಮೋಸವಿದೆ. ಅಂಗಡಿಯ ಕ್ಯಾಸೆಟ್ಟಿನ ಮೇಲೆ ‘ಕ್ರೋಮ್’ ಎಂದಿದ್ದರೂ ಬಹುಪಾಲು ಅದನ್ನು ಮಾಮೂಲಿ ಟೈಪ್ 1ರ 120 ಮೈಕ್ರೊಸೆಕೆಂಡ್ ಈಕ್ವಲೈಜೇಷನ್ನಿನಲ್ಲೇ (ಏರು-ತಗ್ಗು ಸ್ವರಗಳ ಹೊಂದಿಕೆ) ಮುದ್ರಿಸಿರುತ್ತಾರೆ. ಚಿಪ್ಪಿನ ಮೇಲಂಚಿನ ಹೆಚ್ಚುವರಿ ಕುಳಿ ಇಲ್ಲದಿದ್ದರೆ ಟೈಪ್ 1ರಲ್ಲೇ ನುಡಿಸಿ. ಡಾಲ್ಬಿ ಗುರುತು ಇದ್ದರೆ ಡಾಲ್ಬಿ ಬಿ ಹಾಕಿ, ಆದರೆ ಅಜಿಮತ್ ಸರಿ ಮಾಡಿದ ಮೇಲಷ್ಟೇ. ಮನೆಯಲ್ಲಿ ಇಳಿಸಿದ ಟೇಪಾಗಿದ್ದು ಡಾಲ್ಬಿ ಇತ್ತೋ ಇಲ್ಲವೋ ಗೊತ್ತಾಗದಿದ್ದರೆ ಹಾಕಿ ಒಮ್ಮೆ, ಹಾಕದೆ ಒಮ್ಮೆ ರೆಕಾರ್ಡ್ ಮಾಡಿ ಎರಡನ್ನೂ ಇಟ್ಟುಕೊಳ್ಳಿ.

ರೆಕಾರ್ಡಿಂಗ್

ಡೆಕ್ಕಿನ ಲೈನ್ ಔಟ್‌ನಿಂದ ಆಡಿಯೊ ಇಂಟರ್ಫೇಸಿನ (ಧ್ವನಿಯನ್ನು ಕಂಪ್ಯೂಟರಿಗೆ ಇಳಿಸುವ ಸಾಧನ) ಲೈನ್ ಇನ್‌ಗೆ ಕೇಬಲ್ ಕೊಡಿ. ಲ್ಯಾಪ್‌ಟಾಪಿನ ಮೈಕ್ ತೂತು ಬೇಡ. 96 ಕಿಲೋಹರ್ಟ್ಜ್, 24 ಬಿಟ್, ವೇವ್ ಫೈಲ್. ಅಂತಾರಾಷ್ಟ್ರೀಯ ಧ್ವನಿ ಆರ್ಕೈವ್ ಸಂಘದ ಮಾರ್ಗಸೂಚಿಯ ಶಿಫಾರಸೂ ಇದೇ, ಕನಿಷ್ಠ ಮಿತಿ 48 ಕಿಲೋಹರ್ಟ್ಜ್. ನಿಮಿಷಕ್ಕೆ ಸುಮಾರು 35 ಎಂಬಿ, 60 ನಿಮಿಷದ ಕ್ಯಾಸೆಟ್ಟಿಗೆ 2 ಜಿಬಿ ಆಸುಪಾಸು ಬೇಕಾಗುತ್ತದೆ. ಮಟ್ಟ ಹೊಂದಿಸುವಾಗ ದನಿಯನ್ನಲ್ಲ, ಅತಿ ಜೋರಾದ ಬಾಸ್ ಡ್ರಮ್ಮನ್ನು ನೋಡಿ. ಅದು ಮೈನಸ್ 6 ಡೆಸಿಬೆಲ್ ದಾಟದಿರಲಿ. ಬೂಷ್ಟಿಲ್ಲದ ಟೇಪನ್ನು ಮೊದಲು ಒಂದು ಸಲ ಕೊನೆಯವರೆಗೆ ಸುತ್ತಿ ಹಿಂದಕ್ಕೆ ತಂದರೆ ಬಿಗಿ ಸಮವಾಗುತ್ತದೆ. ಒಂದು ಬದಿ ಒಂದೇ ಓಟದಲ್ಲಿ ಆಗಬೇಕು. ಹಾಡು ಶುರುವಾಗುವ ಮುಂಚಿನ ಹಿಸ್ ಸದ್ದು, ಕೊನೆಯ ಖಾಲಿ ಟೇಪು ಎಲ್ಲವನ್ನೂ ಉಳಿಸಿ.

‘ಗುಂಯ್’ ಎಂಬ 50 ಹರ್ಟ್ಜ್ ಸದ್ದು ಬಂದರೆ ಲ್ಯಾಪ್‌ಟಾಪಿನ ಚಾರ್ಜರ್ ಕಿತ್ತು ಬ್ಯಾಟರಿಯ ಮೇಲೆ ನಡೆಸಿ, ಬಹುಪಾಲು ಅಲ್ಲಿಗೇ ನಿಲ್ಲುತ್ತದೆ. ಕರೆಂಟ್ ಹೋದಾಗ ಸ್ಕ್ವೇರ್ ವೇವ್ ಇನ್ವರ್ಟರಿನ ಮೇಲೆ ಡೆಕ್ ಓಡಿಸಬೇಡಿ. ಅದರ ಕರಕರ ಸದ್ದು ರೆಕಾರ್ಡಿಂಗಿಗೆ ಇಳಿಯುತ್ತದೆ, ಮೋಟಾರಿಗೂ ಒಳ್ಳೆಯದಲ್ಲ. ಪ್ಯೂರ್ ಸೈನ್ ವೇವ್ ಆದರೆ ತೊಂದರೆಯಿಲ್ಲ. ಮೂಲ ಫೈಲಿನ ಮೇಲೆ ಹಿಸ್ ತೆಗೆಯುವುದು, ಸದ್ದು ಏರಿಸುವುದು ಯಾವುದೂ ಬೇಡ. ಕೇಳಲು ಬೇಕಾದರೆ ನಕಲಿನ ಮೇಲೆ ಮಾಡಿಕೊಳ್ಳಿ.

ಸಿಡಿಯ ಲೆಕ್ಕ ಬೇರೆ

ಸಿಡಿಯಲ್ಲಿ ಒಂದೊಂದು ಬಿಟ್ಟೂ ಸರಿಯಾಗಿ ಬಂದಿದೆಯೇ ಎಂದು ಸಾಬೀತು ಮಾಡಲು ಸಾಧ್ಯ, ಹಾಗಾಗಿ ಸಾಬೀತು ಮಾಡಲೇಬೇಕು. ಅದಕ್ಕೆ ಬೇಕಾದ ಸಾಫ್ಟ್‌ವೇರ್: ವಿಂಡೋಸ್‌ನಲ್ಲಿ ಎಕ್ಸಾಕ್ಟ್ ಆಡಿಯೊ ಕಾಪಿ, ಮ್ಯಾಕ್‌ನಲ್ಲಿ ಎಕ್ಸ್‌ಎಲ್‌ಡಿ, ಲಿನಕ್ಸ್‌ನಲ್ಲಿ ವಿಪ್ಪರ್. ಹೊಂದಿಕೆ ಹೀಗಿರಲಿ:

1. ಸೆಕ್ಯೂರ್ ಮೋಡ್. ಡ್ರೈವ್ ಕ್ಯಾಶ್ ಮಾಡುತ್ತದೆ ಎಂಬುದನ್ನು ಆನ್, ಸಿ2 ದೋಷಸೂಚನೆಯನ್ನು ಆಫ್.
2. ನಿಮ್ಮ ಡ್ರೈವಿನ ರೀಡ್ ಆಫ್‌ಸೆಟ್ (ಓದುವಾಗ ಹಿಂದೆಮುಂದೆ ಸರಿಯುವ ಅಳತೆ) ಹಾಕಿ. ಬೇರೆಯವರು ತೆಗೆದ ಫಲಿತಾಂಶದ ಜೊತೆ ಹೋಲಿಸುವ ಅಕ್ಯುರೇಟ್‌ರಿಪ್ ಎಂಬ ದತ್ತಕೋಶದ ಪಟ್ಟಿಯಲ್ಲಿ ಮಾದರಿವಾರು ಸಿಗುತ್ತದೆ. ಕಿವಿಗೆ ಇದರಿಂದ ವ್ಯತ್ಯಾಸವಿಲ್ಲ, ಆದರೆ ಆಫ್‌ಸೆಟ್ ತಪ್ಪಿದ್ದರೆ ನಿಮ್ಮ ಚೆಕ್‌ಸಮ್ (ಫೈಲಿನ ಬಿಟ್ಟುಗಳಿಂದ ಲೆಕ್ಕ ಹಾಕಿದ ತಾಳೆ ಸಂಖ್ಯೆ) ಬೇರೆಯವರದ್ದರ ಜೊತೆ ತಾಳೆಯಾಗುವುದಿಲ್ಲ.
3. ಹಾಡುಗಳ ನಡುವಿನ ಗ್ಯಾಪ್ ಪತ್ತೆ ಮಾಡಿಸಿ ಕ್ಯೂ ಶೀಟ್ (ಯಾವ ಹಾಡು ಎಲ್ಲಿ ಶುರು ಎಂಬ ಪಟ್ಟಿ) ಉಳಿಸಿ. ಮಿಕ್ಸ್‌ಟೇಪಿನಲ್ಲಿ ಒಂದು ಹಾಡು ಇನ್ನೊಂದಕ್ಕೆ ತಡೆಯಿಲ್ಲದೆ ಹರಿಯುವುದರಿಂದ ಇದಿಲ್ಲದೆ ಮೂಲ ಡಿಸ್ಕನ್ನು ಮತ್ತೆ ಕಟ್ಟಲಾಗದು.
4. ‘ಟೆಸ್ಟ್ ಅಂಡ್ ಕಾಪಿ’. ಎರಡು ಸಲದ ಸಿಆರ್‌ಸಿ ಎಂಬ ಚೆಕ್‌ಸಮ್ ಒಂದೇ ಆಗಿರಬೇಕು. ಲಾಗ್ ಫೈಲನ್ನು ತಿದ್ದದೆ ಇಡಿ.

ಅಪರೂಪದ ಡಿಸ್ಕ್ ಅಕ್ಯುರೇಟ್‌ರಿಪ್‌ನಲ್ಲಿ ಸಿಗದಿರುವುದು ಸಹಜ, ಅದು ದೋಷವಲ್ಲ. ಆಗ ಬೇರೆ ಕಂಪನಿಯ ಇನ್ನೊಂದು ಡ್ರೈವಿನಲ್ಲಿ ಮತ್ತೊಮ್ಮೆ ತೆಗೆದು ಸಿಆರ್‌ಸಿ ಹೋಲಿಸಿ, ಎರಡೂ ಲಾಗ್ ಇಟ್ಟುಕೊಳ್ಳಿ. ಮೊದಲ ಹಾಡಿನ ಮುಂದೆ ಗ್ಯಾಪ್ ಉದ್ದವಾಗಿದ್ದರೆ, ಅಂದರೆ ಮಾಮೂಲಿ 2 ಸೆಕೆಂಡಿಗಿಂತ ಬಹಳ ಹೆಚ್ಚಿದ್ದರೆ, ಅಲ್ಲಿ ಗುಟ್ಟಿನ ಹಾಡು ಇರಬಹುದು. ಮಾಮೂಲಿ ರೀತಿಯಲ್ಲಿ ತೆಗೆದರೆ ಅದು ತಪ್ಪಿಹೋಗುತ್ತದೆ.

ಸಿಡಿ-ಆರ್ ಮಿಕ್ಸ್‌ಟೇಪ್‌ಗಳನ್ನು ಎಲ್ಲಕ್ಕಿಂತ ಮೊದಲು ಮುಗಿಸಿ. ಅದರ ಬಣ್ಣದ ಪದರ ಬೆಳಕಿಗೆ, ಸೆಖೆಗೆ ಕೆಡುತ್ತದೆ. ಮೇಲೆ ಅಂಟಿಸಿದ ಕಾಗದದ ಲೇಬಲ್ ಕೀಳಲು ಹೋಗಬೇಡಿ, ದತ್ತಾಂಶ ಇರುವ ಪದರ ಲೇಬಲ್ಲಿನ ಬೆನ್ನಿಗೇ ಇದೆ, ಜೊತೆಯಲ್ಲೇ ಎದ್ದು ಬರುತ್ತದೆ. ಇಂಥ ಡಿಸ್ಕಿನ ಸ್ಪೆಕ್ಟ್ರೋಗ್ರಾಮ್ (ಧ್ವನಿಯ ಆವರ್ತನಗಳ ಚಿತ್ರ) ನೋಡಿದಾಗ 16 ಕಿಲೋಹರ್ಟ್ಜ್ ಬಳಿ ಕತ್ತರಿಸಿದಂತೆ ಕಂಡರೆ ‘ಇದು ಎಂಪಿ3ಯಿಂದ ಮಾಡಿದ ನಕಲಿ’ ಎಂದು ತಳ್ಳಿಹಾಕುವ ಅಭ್ಯಾಸ ಕೆಲವರಲ್ಲಿದೆ. 2000ದ ನಂತರ ಎಷ್ಟೋ ಡಿಜೆಗಳೇ ಎಂಪಿ3 ಬಳಸಿ ಮಿಕ್ಸ್ ಕಟ್ಟಿದ್ದಾರೆ, ಮೂಲವೇ ಹಾಗಿದೆ. ಟಿಪ್ಪಣಿಯಲ್ಲಿ ಬರೆದು ಮುಂದುವರಿಯಿರಿ.

ವೈನಿಲ್ ತಟ್ಟೆ ನಮ್ಮ ಕಡೆ ಸಿಗುವುದು ಕಡಿಮೆ. ಸಿಕ್ಕರೆ ಲೇಬಲ್ಲಿನ ಸುತ್ತ ಖಾಲಿ ಜಾಗದಲ್ಲಿ ಗೀಚಿದ ಅಕ್ಷರಗಳ ಫೋಟೊ ತಪ್ಪಿಸಬೇಡಿ. 12 ಇಂಚಿನ ಸಿಂಗಲ್ಲಾದರೆ ಬರೀ ವಾದ್ಯದ ರೂಪ, ಬರೀ ದನಿಯ ರೂಪ ಹೆಚ್ಚಾಗಿ ಅದರಲ್ಲೇ ಇರುವುದು.

ಫೈಲಿನ ಹೆಸರು, ಚೆಕ್‌ಸಮ್, ಟಿಪ್ಪಣಿ

ವೇವ್ ಫೈಲುಗಳನ್ನು ಫ್ಲ್ಯಾಕ್ ಮಾಡಿ. ಧ್ವನಿ ಒಂದಿಷ್ಟೂ ಕಳೆಯದೆ ಗಾತ್ರ ಇಳಿಯುತ್ತದೆ, ಜೊತೆಗೆ ಮೂಲ ಧ್ವನಿಯ ಎಂಡಿ5 ಎಂಬ ಚೆಕ್‌ಸಮ್ ಫೈಲಿನೊಳಗೇ ಕೂರುತ್ತದೆ. ಹತ್ತು ವರ್ಷ ಬಿಟ್ಟು ‘ಟೆಸ್ಟ್’ ಆಜ್ಞೆ ಕೊಟ್ಟರೂ ಕೆಟ್ಟಿದೆಯೋ ಇಲ್ಲವೋ ಹೇಳುತ್ತದೆ. ಫೋಲ್ಡರಿನ ಎಲ್ಲ ಫೈಲಿಗೂ ಎಸ್‌ಎಚ್‌ಎ-256 ಚೆಕ್‌ಸಮ್‌ಗಳ ಪಟ್ಟಿ ಮಾಡಿಡಿ. ಹೆಸರಿಡಲು ಇಂಗ್ಲಿಷಿನ ಸಣ್ಣಕ್ಷರ, ಅಂಕಿ, ಅಡ್ಡಗೆರೆ ಮಾತ್ರ ಸಾಕು: ಕಲಾವಿದ, ಆಲ್ಬಮ್, ವರ್ಷ, ದೇಶ, ಮಾಧ್ಯಮ, ಕ್ಯಾಟಲಾಗ್ ಸಂಖ್ಯೆ, ಬದಿ, ಈ ಕ್ರಮದಲ್ಲಿ.

ಟಿಪ್ಪಣಿ ಫೈಲು ಸರಳ ಪಠ್ಯವಾಗಿರಲಿ. ಮ್ಯಾಟ್ರಿಕ್ಸ್ ಸಂಖ್ಯೆ, ಬಾರ್‌ಕೋಡ್, ಚಿಪ್ಪಿನ ಬಣ್ಣ, ಪ್ರತಿ ಹಾಡಿನ ಅಳೆದ ಅವಧಿ, ಬಳಸಿದ ಡೆಕ್ಕು, ಇಂಟರ್ಫೇಸು, ಡಾಲ್ಬಿ ಹಾಕಿತ್ತೇ, ಯಾವ ದಿನ ಎಂಬುದು ಬರಲಿ. ಎಲ್ಲಕ್ಕಿಂತ ಮುಖ್ಯವಾದದ್ದು ವ್ಯತ್ಯಾಸದ ಸಾಲು: ‘ಸಾಮಾನ್ಯ ಮುದ್ರಣದಲ್ಲಿರುವ 7ನೇ ಹಾಡು ಇಲ್ಲ’, ‘3ನೇ ಹಾಡು 22 ಸೆಕೆಂಡ್ ಮೊದಲೇ ಮುಗಿಯುತ್ತದೆ’ ಎಂಬಂತೆ. ಅವಧಿಯನ್ನು ಹೊದಿಕೆ ನೋಡಿ ಬರೆಯಬೇಡಿ, ಅದು ಬಹಳ ಸಲ ತಪ್ಪಿರುತ್ತದೆ. ಕೊಟ್ಟವರ ಮನೆಯ ಹೆಸರು, ವಿಳಾಸ ಸಾರ್ವಜನಿಕ ಟಿಪ್ಪಣಿಯಲ್ಲಿ ಬೇಡ, ತಾಲ್ಲೂಕು ಹೇಳಿದರೆ ಸಾಕು.

ಮೂರು ಪ್ರತಿ ಇಡಿ: ಎರಡು ಬೇರೆ ಬೇರೆ ಹಾರ್ಡ್ ಡಿಸ್ಕಿನಲ್ಲಿ, ಒಂದು ಬೇರೆ ಊರಿನಲ್ಲೋ ಕ್ಲೌಡ್‌ನಲ್ಲೋ. ಪ್ರತಿ ವರ್ಷ ಮಳೆಗಾಲ ಮುಗಿದ ಮೇಲೆ ಚೆಕ್‌ಸಮ್ ತಾಳೆ ನೋಡಿ.

ಎಲ್ಲಿ ಹಾಕಬಹುದು, ಏನನ್ನು ಹಾಕಬಾರದು

ಭಾರತದ 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಧ್ವನಿಮುದ್ರಣದ ಹಕ್ಕು ಪ್ರಕಟವಾದ ಮುಂದಿನ ವರ್ಷದ ಮೊದಲಿಂದ 60 ವರ್ಷ. 1994ರ ಆಲ್ಬಮ್ಮಿಗೆ 2054ರ ಕೊನೆಯವರೆಗೂ ಇದೆ. ಖಾಸಗಿ ಬಳಕೆ, ಸಂಶೋಧನೆಗೆ 52ನೇ ಕಲಂ ಅವಕಾಶ ಕೊಡುತ್ತದೆ. ಲಾಭದ ಉದ್ದೇಶವಿಲ್ಲದ ಸಾರ್ವಜನಿಕ ಗ್ರಂಥಾಲಯ ತನ್ನಲ್ಲಿ ಡಿಜಿಟಲ್ ಅಲ್ಲದ ಪ್ರತಿ ಇದ್ದರೆ ಸಂರಕ್ಷಣೆಗಾಗಿ ಅದನ್ನು ಎಲೆಕ್ಟ್ರಾನಿಕ್ ರೂಪದಲ್ಲಿ ಇಟ್ಟುಕೊಳ್ಳಲೂ ಅದೇ ಕಲಮ್ಮಿನಲ್ಲಿ ದಾರಿಯಿದೆ. ಸಿಡಿ ತಾನೇ ಡಿಜಿಟಲ್ ಆದ್ದರಿಂದ ಈ ವಿನಾಯಿತಿ ಕ್ಯಾಸೆಟ್ಟಿಗೆ ಒಪ್ಪಿದಷ್ಟು ಸಿಡಿಗೆ ಒಪ್ಪುವುದಿಲ್ಲ. ಇವ್ಯಾವುದೂ ಕಂಪನಿಯ ಆಲ್ಬಮ್ಮನ್ನು ಎಲ್ಲರಿಗೂ ಡೌನ್‌ಲೋಡಿಗೆ ಬಿಡಲು ಪರವಾನಗಿಯಲ್ಲ. 78 ಆರ್‌ಪಿಎಂ ತಟ್ಟೆಗಳಂಥ ಹಳೇ ಸರಕಿಗೇ ದೊಡ್ಡ ಕಂಪನಿಗಳು 2023ರಲ್ಲಿ ಇಂಟರ್ನೆಟ್ ಆರ್ಕೈವ್ ಎಂಬ ಆನ್‌ಲೈನ್ ಗ್ರಂಥಾಲಯದ ಮೇಲೆ ದಾವೆ ಹೂಡಿದ್ದವು. 2025ರಲ್ಲಿ ಅದು ರಾಜಿಯಲ್ಲಿ ಮುಗಿಯಿತು.

ಆದ್ದರಿಂದ ಪುರಾವೆ ಊರಿಗೆ, ಧ್ವನಿ ಪೆಟ್ಟಿಗೆಗೆ. ಮ್ಯೂಸಿಕ್‌ಬ್ರೈನ್ಜ್‌ನಲ್ಲಿ ಆ ಮುದ್ರಣಕ್ಕೆ ಹೊಸ ದಾಖಲೆ ಮಾಡಿ, ಹಾಡಿನ ಅಳೆದ ಅವಧಿ ತುಂಬಿ, ಸಿಡಿಯಾದರೆ ಡಿಸ್ಕ್ ಐಡಿ ಸೇರಿಸಿ. ಅದರ ಜೊತೆಗಿರುವ ಕವರ್ ಆರ್ಟ್ ಆರ್ಕೈವ್‌ನಲ್ಲಿ ಹೊದಿಕೆ, ಡಿಸ್ಕ್, ಮ್ಯಾಟ್ರಿಕ್ಸ್ ಚಿತ್ರಗಳಿಗೆ ಬೇರೆ ಬೇರೆ ವಿಭಾಗಗಳೇ ಇವೆ. ಡಿಸ್ಕಾಗ್ಸ್‌ನಲ್ಲಿ ಮ್ಯಾಟ್ರಿಕ್ಸ್ ಅಕ್ಷರಗಳನ್ನು ಕಂಡಂತೆಯೇ, ಜಾಗ ಬಿಟ್ಟದ್ದನ್ನೂ ಸೇರಿಸಿ ಬರೆಯಿರಿ. ಸ್ಟ್ರೀಮಿಂಗಿನಲ್ಲಿ ಸದ್ದಿಲ್ಲದೆ ಬದಲಾಗುವ ಆಲ್ಬಮ್ಮಿಗೂ ಇದೇ ರೀತಿ: ದಿನಾಂಕ, ಪ್ರತಿ ಹಾಡಿನ ಐಎಸ್‌ಆರ್‌ಸಿ (ಧ್ವನಿಮುದ್ರಣದ ಗುರುತು ಸಂಕೇತ), ಅವಧಿ ಬರೆದಿಟ್ಟು, ಪುಟವನ್ನು ವೆಬ್ ಪುಟಗಳ ಹಳೇ ರೂಪ ಕಾಪಾಡುವ ವೇಬ್ಯಾಕ್ ಮಷೀನಿನ ‘ಸೇವ್ ಪೇಜ್’ಗೆ ಕೊಡಿ.

ಕಲಾವಿದರೇ ಉಚಿತವಾಗಿ ಹಂಚಿದ ಮಿಕ್ಸ್‌ಟೇಪ್‌ಗಳಿಗೆ ಇಂಟರ್ನೆಟ್ ಆರ್ಕೈವ್‌ನಲ್ಲಿ ದೊಡ್ಡ ಸಂಗ್ರಹವಿದೆ. ಅವುಗಳೊಳಗೂ ಬೇರೆಯವರ ಸ್ಯಾಂಪಲ್ ಇರುವುದರಿಂದ ತಕರಾರು ಬಂದರೆ ತೆಗೆಯುತ್ತಾರೆ ಎಂಬ ತಿಳಿವಳಿಕೆ ಇಟ್ಟುಕೊಂಡೇ ಹಾಕಬೇಕು. ಮೊದಲ ಸಲವಾದರೆ ‘ಟೆಸ್ಟ್ ಕಲೆಕ್ಷನ್’ಗೆ ಹಾಕಿ ನೋಡಿ, 30 ದಿನದಲ್ಲಿ ತಾನಾಗಿ ಅಳಿಯುತ್ತದೆ. ಐಟಂನ (ನೀವು ಏರಿಸಿದ ಸಂಗ್ರಹದ ಪುಟ) ಐಡೆಂಟಿಫೈಯರ್, ಅಂದರೆ ವಿಳಾಸದಲ್ಲಿ ಬರುವ ಹೆಸರು, ಒಮ್ಮೆ ಕೊಟ್ಟರೆ ನೀವು ಬದಲಾಯಿಸಲಾಗದು, ಯೋಚಿಸಿ ಕೊಡಿ. ಫ್ಲ್ಯಾಕ್ ಕೊಟ್ಟರೆ ಎಂಪಿ3 ಅವರೇ ಮಾಡಿಕೊಳ್ಳುತ್ತಾರೆ, ನೀವು ಸೇರಿಸಬೇಡಿ. ತೋಟದ ಮನೆಯ ಇಂಟರ್ನೆಟ್ ನಡುವೆ ಕೈಕೊಡುವುದು ಇದ್ದದ್ದೇ. ಬ್ರೌಸರ್ ಬಿಟ್ಟು ಅವರದೇ ಕಮಾಂಡ್‌ಲೈನ್ ಸಾಧನದಿಂದ ಏರಿಸಿದರೆ ಮುಗಿದ ಫೈಲನ್ನು ಬಿಟ್ಟು ಉಳಿದದ್ದನ್ನು ಮತ್ತೆ ಕಳಿಸಬಹುದು. ಮುಗಿದ ಮೇಲೆ ಐಟಂನ ಫೈಲ್ ಪಟ್ಟಿಯಲ್ಲಿರುವ ಎಂಡಿ5 ನಿಮ್ಮದಕ್ಕೆ ತಾಳೆಯಾಗುತ್ತದೆಯೇ ನೋಡಿ. ಆಗದಿದ್ದರೆ ಅರ್ಧ ಫೈಲು ಹೋಗಿದೆ.

ನಮ್ಮೂರಿನ ರ‍್ಯಾಪ್

ಕಾಲೇಜು ಫೆಸ್ಟ್‌ಗಳಲ್ಲಿ ಹಂಚಿದ ಸಿಡಿ-ಆರ್, ಯೂಟ್ಯೂಬಿಗೆ ಹಾಕಿ ಆಮೇಲೆ ತೆಗೆದ ಕನ್ನಡ ಹಾಡು, ಬೀಟ್ (ಹಾಡಿನ ಹಿಂದಿನ ಸಂಗೀತ) ಬದಲಿಸಿ ಮತ್ತೆ ಬಿಟ್ಟ ರೂಪ, ಇವು ನ್ಯೂಯಾರ್ಕಿನ ಯಾವ ಪ್ರಚಾರ ಪ್ರತಿಗಿಂತಲೂ ಬೇಗ ಮಾಯವಾಗುತ್ತವೆ. ಕಾರ್ನೆಲ್ ವಿಶ್ವವಿದ್ಯಾಲಯ 2007ರಿಂದ ಹಿಪ್‌ಹಾಪ್ ಸಂಗ್ರಹ ಕಟ್ಟುತ್ತಿದೆ. ಹಾಸನದ ಹುಡುಗರ ಹಾಡು ಅಲ್ಲಿಗೆ ತಾನಾಗಿ ಹೋಗುವುದಿಲ್ಲ. ಇಲ್ಲಿ ಒಂದು ಅನುಕೂಲವೆಂದರೆ ಹಕ್ಕುದಾರರು ಫೋನಿನ ದೂರದಲ್ಲಿದ್ದಾರೆ. ಹಾಡಿದವರಿಂದ, ಬರೆದವರಿಂದ ಹಾಡಿನ ಹೆಸರು, ದಿನಾಂಕ, ಯಾವ ಪರವಾನಗಿ ಎಂಬುದಿರುವ ಒಪ್ಪಿಗೆಯನ್ನು ಮೇಲ್‌ನಲ್ಲಿ ಪಡೆದು ಐಟಂನ ಕಡತದಲ್ಲಿಡಿ. ಬೀಟ್ ಯಾರದ್ದು ಎಂದು ಕೇಳಲೇಬೇಕು. ಆನ್‌ಲೈನಿನಲ್ಲಿ ಬಾಡಿಗೆಗೆ ಕೊಂಡ ‘ಟೈಪ್ ಬೀಟ್’ ಆದರೆ ಹಾಡಿದವರ ಒಪ್ಪಿಗೆಯೊಂದೇ ಸಾಲದು, ಬೀಟ್ ಮಾಡಿದವರದ್ದೂ ಬೇಕು.

ಫೈಲ್ ತರಿಸಿಕೊಳ್ಳುವಾಗ ವಾಟ್ಸಾಪ್‌ನಲ್ಲಿ ಆಡಿಯೊ ಆಗಿ ಬೇಡ, ‘ಡಾಕ್ಯುಮೆಂಟ್’ ಆಗಿ ಕಳಿಸಲು ಹೇಳಿ. ಇನ್ನೂ ಒಳ್ಳೆಯದೆಂದರೆ ಪೆನ್‌ಡ್ರೈವ್ ಹಿಡಿದು ಅವರ ಮನೆಗೇ ಹೋಗುವುದು. ಮಿಕ್ಸ್ ಮಾಡಿದ ಸಾಫ್ಟ್‌ವೇರಿನ ಪ್ರಾಜೆಕ್ಟ್ ಫೋಲ್ಡರ್, ಬಿಡಿ ಟ್ರ್ಯಾಕುಗಳು, ‘ಫೈನಲ್’, ‘ಫೈನಲ್ 2’, ‘ನಿಜವಾದ ಫೈನಲ್’ ಎಂಬ ಹೆಸರಿನ ಎಲ್ಲ ಫೈಲನ್ನೂ ತಿದ್ದಿದ ದಿನಾಂಕ ಕೆಡದಂತೆ ಒಂದೇ ಜಿಪ್ ಮಾಡಿ ತನ್ನಿ. ಯಾವುದು ಬಿಡುಗಡೆಯಾದದ್ದು ಎಂಬುದನ್ನು ಅವರೆದುರೇ ಕೂತು ಗುರುತು ಮಾಡಿಕೊಳ್ಳಿ. ಪ್ರಾಜೆಕ್ಟ್ ಫೈಲು ಆ ಸಾಫ್ಟ್‌ವೇರಿನ ಹೊಸ ಆವೃತ್ತಿಯಲ್ಲಿ ತೆರೆಯದೇ ಹೋಗುವುದು ಮಾಮೂಲು, ಅದಕ್ಕೇ ಪ್ರತಿ ಟ್ರ್ಯಾಕನ್ನೂ ಸೊನ್ನೆ ಸೆಕೆಂಡಿನಿಂದ ಶುರುವಾಗುವ ಬಿಡಿ ವೇವ್ ಫೈಲಾಗಿ ಅವರ ಕಂಪ್ಯೂಟರಿನಲ್ಲೇ ಎಕ್ಸ್‌ಪೋರ್ಟ್ ಮಾಡಿಸಿಕೊಂಡು ಬನ್ನಿ.